ಗ್ರಾಚ್ಯುಟಿ, ಪಿಎಫ್ ಕೊಡದೆ ಸತಾಯಿಸಿದರೆ ಏನು ಮಾಡಬೇಕು? ಕಾಸರಗೋಡಿನವರಿಗೆ ಒಂದು ಮಾರ್ಗದರ್ಶಿ

ನಾನು ಕಾಸರಗೋಡು ಪೇಟೆಯ ಒಂದು ವ್ಯಾಪಾರ ಸಂಸ್ಥೆಯಲ್ಲಿ 22 ವರ್ಷ 7 ತಿಂಗಳು ಲೆಕ್ಕಪತ್ರ ಬರೆದವ. ಕೊನೆಯ ದಿನ ಶಾಲು ಹೊದೆಸಿದರು, ಹಾರ ಹಾಕಿದರು, ಒಂದು ಗೋಡೆ ಗಡಿಯಾರ ಕೊಟ್ಟರು. ಸೇವೆಯ ವರ್ಷ ಲೆಕ್ಕ ಹಾಕಿ ಮಾಲೀಕರು ಕೊನೆಗೆ ಕೊಡಬೇಕಾದ ಇಡಿಗಂಟು, ಅಂದರೆ ಗ್ರಾಚ್ಯುಟಿ, ಕೇಳಿದಾಗ ಮಾತ್ರ ‘ನೋಡೋಣ, ಮುಂದಿನ ತಿಂಗಳು ಬನ್ನಿ’ ಅಂದರು. ಆ ಮುಂದಿನ ತಿಂಗಳು ಬರುವುದಕ್ಕೆ 14 ತಿಂಗಳು ಹಿಡಿಯಿತು. ಅದರಲ್ಲಿ ಮೂರು ತಿಂಗಳು ನನ್ನದೇ ತಪ್ಪಿನಿಂದ ಹೋಯಿತು. ಗ್ರಾಚ್ಯುಟಿ ಕೇಳಿಕೊಂಡು ನಾನು ಮೊದಲು ಹೋದದ್ದು ಕಣ್ಣೂರಿನ ಪಿಎಫ್ ಆಫೀಸಿಗೆ. ‘ಇದು ಇಲ್ಲಿ ಅಲ್ಲ’ ಅಂದರು. ಆ ದಿನ ಬಿರಿಯಾನಿ ತಿಂದು ರೈಲು ಹತ್ತಿದ್ದೇ ಲಾಭ.

ಅದಕ್ಕೇ ಈ ಬರಹವನ್ನು ಯಾವ ಹಣಕ್ಕೆ ಯಾವ ಬಾಗಿಲು ಅನ್ನುವ ಲೆಕ್ಕದಿಂದ ಶುರು ಮಾಡುತ್ತೇನೆ.

ಹೆಜ್ಜೆ 1: ಬರಬೇಕಾದ ಹಣವನ್ನು ಬೇರೆ ಬೇರೆ ಮಾಡಿ

‘ನನ್ನ ಸರ್ವೀಸಿನ ಹಣ ಬರಲಿಲ್ಲ’ ಅಂತ ಒಟ್ಟಾರೆ ಹೇಳಿದರೆ ಯಾವ ಆಫೀಸಿನಲ್ಲೂ ಕೆಲಸ ಆಗುವುದಿಲ್ಲ. ಒಂದು ಹಾಳೆಯಲ್ಲಿ ಬೇರೆ ಬೇರೆ ಸಾಲಾಗಿ ಬರೆಯಿರಿ: ಗ್ರಾಚ್ಯುಟಿ ಎಷ್ಟು, ಪಿಎಫ್ ಎಷ್ಟು, ಪಿಎಫ್ ಪೆನ್ಷನ್ ಇದೆಯಾ, ಉಳಿದ ರಜೆಯ ಹಣ ಎಷ್ಟು, ಕೊನೆಯ ತಿಂಗಳ ಸಂಬಳ ಬಂತಾ.

ಗ್ರಾಚ್ಯುಟಿ ಮಾಲೀಕರು ತಮ್ಮ ಕೈಯಿಂದ ಕೊಡಬೇಕಾದ ಹಣ. ಅದರ ತಕರಾರು ಲೇಬರ್ ಇಲಾಖೆಗೆ. ಪಿಎಫ್ ಈಗಾಗಲೇ ಸರಕಾರದ ನಿಧಿಯಲ್ಲಿ ಇರಬೇಕಾದ ಹಣ. ಅದರ ತಕರಾರು ಪಿಎಫ್ ಆಫೀಸಿಗೆ. ಕಾಸರಗೋಡು ಜಿಲ್ಲೆಯ ಸಂಸ್ಥೆಗಳಿಗೆ ಅದು ಕಣ್ಣೂರಿನಲ್ಲಿದೆ. ರಜೆಯ ಹಣ ನಿಮ್ಮ ನೇಮಕಾತಿ ಪತ್ರ ಅಥವಾ ಸಂಸ್ಥೆಯ ನಿಯಮದ ಮೇಲೆ ನಿಂತಿದೆ. ಅದನ್ನು ಗ್ರಾಚ್ಯುಟಿ ಅರ್ಜಿಯೊಳಗೆ ತುರುಕಬೇಡಿ.

ಹೆಜ್ಜೆ 2: ಯಾವ ರಾಜ್ಯ, ಯಾವ ಸರಕಾರ?

ಗಡಿನಾಡಿನವರಿಗೆ ಇದೇ ದೊಡ್ಡ ಗೊಂದಲ. ಮನೆ ಮಂಜೇಶ್ವರದಲ್ಲಿ, ಕೆಲಸ ಮಂಗಳೂರಿನಲ್ಲಿ. ಹಾಗಾದರೆ ಕೇಸು ಎಲ್ಲಿ? ಮನೆ ಎಲ್ಲಿದೆ ಅನ್ನುವುದು ಲೆಕ್ಕಕ್ಕಿಲ್ಲ, ಕೆಲಸ ಎಲ್ಲಿ ಮಾಡಿದಿರಿ ಅನ್ನುವುದೇ ಮುಖ್ಯ. ಮಂಗಳೂರಿನಲ್ಲಿ ಮಾತ್ರ ಇರುವ ಸಂಸ್ಥೆಯಾದರೆ ಕರ್ನಾಟಕದ ಕಾರ್ಮಿಕ ಇಲಾಖೆ. ಬದಿಯಡ್ಕದಲ್ಲಿ ಮಾತ್ರ ಇರುವ ಸಂಸ್ಥೆಯಾದರೆ ಕೇರಳದ ಲೇಬರ್ ಇಲಾಖೆ.

ಆದರೆ ಒಂದೇ ಸಂಸ್ಥೆಗೆ ಮಂಗಳೂರಿನಲ್ಲೂ ಉಪ್ಪಳದಲ್ಲೂ ಬ್ರಾಂಚ್ ಇದ್ದರೆ? ಎರಡು ರಾಜ್ಯಗಳಲ್ಲಿ ಶಾಖೆ ಇರುವ ಸಂಸ್ಥೆಯ ಗ್ರಾಚ್ಯುಟಿ ವಿಷಯ ಕೇಂದ್ರ ಸರಕಾರದ ಕಾರ್ಮಿಕ ಅಧಿಕಾರಿಗಳ ವ್ಯಾಪ್ತಿಗೆ ಹೋಗುತ್ತದೆ. ಇದು ಗೊತ್ತಿಲ್ಲದೆ ರಾಜ್ಯದ ಆಫೀಸಿನಲ್ಲಿ ಅರ್ಜಿ ಹಾಕಿದರೆ, ಎದುರು ವಕೀಲರು ‘ಇವರಿಗೆ ಅಧಿಕಾರವೇ ಇಲ್ಲ’ ಅಂತ ಎದ್ದು ನಿಲ್ಲುತ್ತಾರೆ. ಅಲ್ಲಿಗೆ ಆರು ತಿಂಗಳು ಹೋಯಿತು ಅಂತ ತಿಳಿಯಿರಿ. ಅದಕ್ಕೆ ಮೊದಲೇ ವಿದ್ಯಾನಗರದ ಸಿವಿಲ್ ಸ್ಟೇಷನ್‌ಗೆ ಹೋಗಿ, ಲೇಬರ್ ಆಫೀಸಿನಲ್ಲಿ ಸಂಸ್ಥೆಯ ಹೆಸರು ಮತ್ತು ಬ್ರಾಂಚುಗಳನ್ನು ಹೇಳಿ, ಅರ್ಜಿ ಯಾರ ಮುಂದೆ ಹಾಕಬೇಕು ಅಂತ ಕೇಳಿಕೊಳ್ಳಿ.

ಸರಕಾರಿ ನೌಕರರು, ಅನುದಾನಿತ ಶಾಲೆಯವರು ಈ ದಾರಿಗೆ ಬರಬೇಡಿ. ನಿಮ್ಮದು ಕೆಳಗೆ ಬೇರೆಯೇ ಇದೆ.

ಹೆಜ್ಜೆ 3: ನಿಮಗೆ ಗ್ರಾಚ್ಯುಟಿ ಇದೆಯಾ?

ಹತ್ತು ಅಥವಾ ಹೆಚ್ಚು ಜನ ಕೆಲಸಕ್ಕಿದ್ದ ಅಂಗಡಿ, ಆಸ್ಪತ್ರೆ, ಶಾಲೆ, ಸಂಸ್ಥೆಗಳಿಗೆಲ್ಲ ಗ್ರಾಚ್ಯುಟಿ ಕಾನೂನು ಅನ್ವಯಿಸುತ್ತದೆ. ಒಮ್ಮೆ ಅನ್ವಯಿಸಿದ ಮೇಲೆ ಜನ ಎಂಟಕ್ಕೆ ಇಳಿದರೂ ತಪ್ಪಿಸಿಕೊಳ್ಳಲು ಆಗದು. ಕಾರ್ಖಾನೆ, ತೋಟಗಳಿಗೂ ಇದೆ. ಐದು ವರ್ಷ ಸತತ ಸೇವೆ ಆಗಿರಬೇಕು. ಕೆಲಸದಲ್ಲಿರುವಾಗ ತೀರಿಕೊಂಡರೆ ಅಥವಾ ಅಂಗವಿಕಲರಾದರೆ ಐದು ವರ್ಷದ ಷರತ್ತು ಇಲ್ಲ. ವರ್ಷದಲ್ಲಿ 240 ದಿನ ದುಡಿದಿದ್ದರೆ ಆ ವರ್ಷ ಪೂರ್ತಿ ಸೇವೆ. ವಾರಕ್ಕೆ ಆರು ದಿನಕ್ಕಿಂತ ಕಡಿಮೆ ನಡೆಯುವ ಸಂಸ್ಥೆಗೆ 190 ದಿನ ಸಾಕು. ರಾಜೀನಾಮೆ ಕೊಟ್ಟು ಹೋದವರಿಗೂ ಉಂಟು. ‘ನೀವೇ ಬಿಟ್ಟು ಹೋದದ್ದಲ್ವಾ’ ಅನ್ನುವುದು ಉತ್ತರವೇ ಅಲ್ಲ.

ಖಾಸಗಿ ಶಾಲೆಯ ಟೀಚರುಗಳಿಗೆ ಒಂದು ಮಾತು. 2004ರಲ್ಲಿ ಸುಪ್ರೀಂ ಕೋರ್ಟು, ಶಿಕ್ಷಕರು ಈ ಕಾಯ್ದೆಯ ‘ನೌಕರ’ ಅನ್ನುವ ಅರ್ಥದೊಳಗೆ ಬರುವುದಿಲ್ಲ ಅಂದಿತ್ತು. 2009ರಲ್ಲಿ ಸಂಸತ್ತು ಕಾಯ್ದೆ ತಿದ್ದಿ, 1997ರ ಏಪ್ರಿಲ್ 3ರಿಂದಲೇ ಅನ್ವಯ ಆಗುವಂತೆ ಅವರನ್ನು ಸೇರಿಸಿತು. ಶಾಲೆಗಳವರು ಕೋರ್ಟಿಗೆ ಹೋದರು. 2022ರ ಆಗಸ್ಟಿನಲ್ಲಿ ಸುಪ್ರೀಂ ಕೋರ್ಟು ತಿದ್ದುಪಡಿಯನ್ನು ಎತ್ತಿಹಿಡಿಯಿತು. ಆದರೂ ‘ಟೀಚರಿಗೆಲ್ಲ ಗ್ರಾಚ್ಯುಟಿ ಇಲ್ಲ’ ಅನ್ನುವ ಮ್ಯಾನೇಜರುಗಳು ಇದ್ದಾರೆ. ಅಂಗನವಾಡಿಯ ಕಾರ್ಯಕರ್ತೆಯರು, ಸಹಾಯಕಿಯರಿಗೂ 2022ರ ಏಪ್ರಿಲಿನಲ್ಲಿ ಅದೇ ಕೋರ್ಟು ಹಕ್ಕಿದೆ ಅಂದಿದೆ.

ಇನ್ನೊಂದು ವಿಷಯ ಗಮನಿಸಿ. 1972ರ ಗ್ರಾಚ್ಯುಟಿ ಕಾಯ್ದೆಯ ಜಾಗಕ್ಕೆ 2025ರ ನವೆಂಬರ್ 21ರಿಂದ ಸಾಮಾಜಿಕ ಭದ್ರತಾ ಸಂಹಿತೆ ಬಂದಿದೆ. ಅದಕ್ಕೆ ಮೊದಲೇ ಕೆಲಸ ಬಿಟ್ಟವರು ಹಳೆ ಕಾಯ್ದೆಯ ಹೆಸರಿನಲ್ಲೇ ಕೇಳಬೇಕು. ಮೂಲ ಲೆಕ್ಕ ಎರಡರಲ್ಲೂ ಒಂದೇ. ಹೊಸದರಲ್ಲಿ ಎರಡು ಅನುಕೂಲ ಜಾಸ್ತಿ. ಇಂತಿಷ್ಟು ಅವಧಿಗೆ ಅಂತ ಕರಾರಿನ ಮೇಲೆ ಸೇರಿದವರಿಗೆ ಒಂದು ವರ್ಷಕ್ಕೇ ಗ್ರಾಚ್ಯುಟಿ. ಮೂಲ ಸಂಬಳ ಸಣ್ಣದು ಮಾಡಿ ಅಲೋವನ್ಸ್ ದೊಡ್ಡದು ಮಾಡುವ ಆಟಕ್ಕೂ ಕಡಿವಾಣ ಬಿದ್ದಿದೆ. ಅಲೋವನ್ಸುಗಳು ಒಟ್ಟು ಸಂಬಳದ ಅರ್ಧ ದಾಟಿದರೆ, ದಾಟಿದ ಭಾಗವನ್ನು ಸಂಬಳಕ್ಕೇ ಸೇರಿಸಿ ಲೆಕ್ಕ ಹಾಕಬೇಕು.

ಹೆಜ್ಜೆ 4: ಲೆಕ್ಕ ನೀವೇ ಹಾಕಿ

ಮಾಲೀಕರ ಅಕೌಂಟೆಂಟ್ ಹಾಕಿದ ಲೆಕ್ಕ ನಂಬಬೇಡಿ. (ನಾನೇ ಅಕೌಂಟೆಂಟ್ ಆಗಿದ್ದವ, ಅದಕ್ಕೇ ಹೇಳುತ್ತಿದ್ದೇನೆ.) ಕೊನೆಯ ತಿಂಗಳ ಮೂಲ ಸಂಬಳಕ್ಕೆ ಡಿಎ (ತುಟ್ಟಿಭತ್ಯೆ) ಸೇರಿಸಿ. 26ರಿಂದ ಭಾಗಿಸಿ. 15ರಿಂದ ಗುಣಿಸಿ. ಆಮೇಲೆ ಸೇವೆಯ ವರ್ಷಗಳಿಂದ ಗುಣಿಸಿ. ಕೊನೆಯಲ್ಲಿ ಆರು ತಿಂಗಳಿಗಿಂತ ಹೆಚ್ಚು ಉಳಿದರೆ ಅದೂ ಒಂದು ವರ್ಷ.

ನನ್ನ ಮೂಲ ಸಂಬಳ ಮತ್ತು ಡಿಎ ಸೇರಿ 18,200 ರೂಪಾಯಿ. 26ರಿಂದ ಭಾಗಿಸಿದರೆ ದಿನಕ್ಕೆ 700. ಹದಿನೈದು ದಿನಕ್ಕೆ 10,500. ಸೇವೆ 22 ವರ್ಷ 7 ತಿಂಗಳು, ಅಂದರೆ 23 ವರ್ಷ. ಒಟ್ಟು 2,41,500 ರೂಪಾಯಿ. ನನಗೆ ತೋರಿಸಿದ ಕಾಗದದಲ್ಲಿ ಇದ್ದದ್ದು 2,00,200. ಹೇಗೆ ಅಂದರೆ, 26ರ ಬದಲು 30ರಿಂದ ಭಾಗಿಸಿದ್ದರು, ಏಳು ತಿಂಗಳನ್ನು ಬಿಟ್ಟಿದ್ದರು. ನೋಡಲು ಎರಡೂ ಸಣ್ಣ ತಪ್ಪು. ಕಳೆದುಹೋದದ್ದು 41,300 ರೂಪಾಯಿ.

ಬೀಡಿ ಕಟ್ಟುವವರ ಹಾಗೆ ತುಂಡು ಲೆಕ್ಕದಲ್ಲಿ ಕೂಲಿ ಇದ್ದರೆ, ಕೆಲಸ ಬಿಡುವ ಮೊದಲಿನ ಮೂರು ತಿಂಗಳ ಕೂಲಿಯ ಸರಾಸರಿ ತೆಗೆದು ದಿನದ ಸಂಬಳ ಹಿಡಿಯಬೇಕು. ಕಾನೂನಿನ ಮೇಲ್ಮಿತಿ 2018ರ ಮಾರ್ಚ್ 29ರಿಂದ 20 ಲಕ್ಷ.

ಬಡ್ಡಿ ಮರೆಯಬೇಡಿ. ಮಾಲೀಕರು 30 ದಿನದೊಳಗೆ ಕೊಡಬೇಕು. ಕೊಡದಿದ್ದರೆ ಹಳೆ ಕಾಯ್ದೆಯಲ್ಲಿ ವರ್ಷಕ್ಕೆ ನೂರಕ್ಕೆ 10ರ ಸರಳ ಬಡ್ಡಿ. ತಡವಾದದ್ದು ನೌಕರನ ತಪ್ಪಿನಿಂದ ಅಲ್ಲವಾದರೆ ಬಡ್ಡಿ ಕೊಡಲೇಬೇಕು, ಅದು ದಯೆಯ ವಿಷಯ ಅಲ್ಲ ಅಂತ 2003ರಲ್ಲಿ ಕರ್ನಾಟಕದ ಒಂದು ಕೇಸಿನಲ್ಲೇ ಸುಪ್ರೀಂ ಕೋರ್ಟು ಹೇಳಿದೆ. ನನಗೆ 14 ತಿಂಗಳಿಗೆ ಸಿಕ್ಕಿದ ಬಡ್ಡಿ 28,175 ರೂಪಾಯಿ.

ಹೆಜ್ಜೆ 5: ಕಾಗದ ಒಟ್ಟು ಮಾಡಿ

ನೇಮಕಾತಿ ಪತ್ರ ಇದ್ದರೆ ಒಳ್ಳೆಯದು. ಇಲ್ಲ ಅಂತ ಕೈಚೆಲ್ಲಬೇಡಿ. ಸಂಬಳ ಬಿದ್ದ ಬ್ಯಾಂಕ್ ಪಾಸ್‌ಬುಕ್, ಪಿಎಫ್ ಪಾಸ್‌ಬುಕ್, ಇಎಸ್‌ಐ ಕಾರ್ಡ್, ಓಣಂಗೆ ಕೊಟ್ಟ ಬೋನಸ್ ಚೀಟಿ, ಐಡಿ ಕಾರ್ಡ್, ಬೀಡಿಯವರ ಲಾಗ್ ಪುಸ್ತಕ, ಹೀಗೆ ಇಸವಿ ತೋರಿಸುವ ಯಾವುದೂ ಆಗುತ್ತದೆ. ಜೊತೆಗೆ ದುಡಿದವರ ಸಾಕ್ಷಿಯೂ ನಡೆಯುತ್ತದೆ. ಹಾಜರಿ ಪುಸ್ತಕ, ಸಂಬಳದ ರಿಜಿಸ್ಟರ್ ಮಾಲೀಕರ ಹತ್ತಿರವೇ ಇರುತ್ತವೆ. ವಿಚಾರಣೆಯಲ್ಲಿ ಅವನ್ನು ತರಿಸುವ ಅಧಿಕಾರ ಅಧಿಕಾರಿಗೆ ಉಂಟು. ನೀವು ಬರೆದು ಕೇಳಬೇಕು ಅಷ್ಟೆ.

ನಮ್ಮ ಕಡೆ ಹೆಸರಿನ ತಾಪತ್ರಯ ಒಂದು ಬೇರೆ. ಶಾಲೆಯ ಸರ್ಟಿಫಿಕೇಟಿನಲ್ಲಿ ‘ನಾರಾಯಣ’, ಆಧಾರಿನಲ್ಲಿ ‘ನಾರಾಯಣನ್’, ಪಿಎಫ್‌ನಲ್ಲಿ ಮನೆಹೆಸರಿನ ಇನಿಶಿಯಲ್ ಹಿಂದುಮುಂದು. ಮಲಯಾಳದಲ್ಲಿ ಬರೆಯುವವರು ಕೊನೆಗೊಂದು ‘ನ್’ ಸೇರಿಸುತ್ತಾರೆ, ಕ್ಲೇಮು ಅಲ್ಲೇ ನಿಲ್ಲುತ್ತದೆ. ವಿಲೇಜ್ ಆಫೀಸಿನಿಂದ ಎರಡು ಹೆಸರೂ ಒಬ್ಬರದ್ದೇ ಅನ್ನುವ ಸರ್ಟಿಫಿಕೇಟ್ ಮೊದಲೇ ಮಾಡಿಸಿಡಿ. ಸರಕಾರಿ ಆನ್‌ಲೈನ್ ಸೇವೆ ಕೊಡುವ ಅಕ್ಷಯ ಕೇಂದ್ರದಲ್ಲಿ ಅರ್ಜಿ ಹಾಕಬಹುದು.

ಹೆಜ್ಜೆ 6: ಮಾಲೀಕರಿಗೆ ಬರೆಯಿರಿ

ಬಾಯಿಮಾತಿನಲ್ಲಿ ಕೇಳಿದ್ದಕ್ಕೆ ಸಾಕ್ಷಿ ಇರುವುದಿಲ್ಲ. ಹಳೆ ಕಾಯ್ದೆಯ ಕೇಂದ್ರದ ನಿಯಮದಲ್ಲಿ ನೌಕರನ ಅರ್ಜಿ ಫಾರಂ ‘ಐ’, ನಾಮಿನಿಯದ್ದು ‘ಜೆ’, ವಾರಸುದಾರರದ್ದು ‘ಕೆ’. ಕೆಲಸ ಬಿಟ್ಟ 30 ದಿನದೊಳಗೆ ಕೊಡಬೇಕು ಅಂತ ಇದೆ. ತಡವಾಯಿತು ಅನ್ನುವ ಒಂದೇ ಕಾರಣಕ್ಕೆ ಹಕ್ಕು ಹೋಗುವುದಿಲ್ಲ. ಅಸಲಿಗೆ ನೀವು ಕೇಳಲಿ ಬಿಡಲಿ, ಲೆಕ್ಕ ಹಾಕಿ ತಿಳಿಸುವುದು ಮಾಲೀಕರದ್ದೇ ಹೊಣೆ. ಫಾರಂ ಸಿಗದಿದ್ದರೆ ಬಿಳಿ ಹಾಳೆಯಲ್ಲಿ ಹೀಗೆ ಬರೆದರೂ ನಡೆಯುತ್ತದೆ:

‘ನಾನು ನಿಮ್ಮ ಸಂಸ್ಥೆಯಲ್ಲಿ ಇಂಥ ತಾರೀಕಿನಿಂದ ಇಂಥ ತಾರೀಕಿನವರೆಗೆ ಕೆಲಸ ಮಾಡಿದ್ದೇನೆ. ಕೊನೆಯ ಮೂಲ ಸಂಬಳ ಮತ್ತು ಡಿಎ ಇಷ್ಟು. ನನಗೆ ಬರಬೇಕಾದ ಗ್ರಾಚ್ಯುಟಿ ಇಷ್ಟು. ಇದನ್ನು 30 ದಿನದೊಳಗೆ ನನ್ನ ಖಾತೆಗೆ ಹಾಕಿ. ತಡವಾದರೆ ಬಡ್ಡಿ ಸಹಿತ ಕೊಡಬೇಕಾಗುತ್ತದೆ.’

ಇಷ್ಟು ಸಾಕು. ‘ನಿಮ್ಮ ಉಪ್ಪು ತಿಂದವ ನಾನು’ ಅಂತೆಲ್ಲ ಬೇಡ. ಸ್ಪೀಡ್ ಪೋಸ್ಟಿನಲ್ಲಿ ಕಳಿಸಿ, ತಲುಪಿದ ಪುರಾವೆ ತೆಗೆದಿಡಿ. ಕೈಯಲ್ಲಿ ಕೊಟ್ಟರೆ ನಕಲಿನ ಮೇಲೆ ಸೀಲು, ಸಹಿ ಹಾಕಿಸಿಕೊಳ್ಳಿ.

ಯಾವ ಭಾಷೆಯಲ್ಲಿ? ಸರಕಾರಿ ಆಫೀಸಿಗಾದರೆ ಕನ್ನಡದಲ್ಲೇ ಬರೆಯುವ ಹಕ್ಕು ನಮಗಿದೆ. ಕೇರಳದ 1969ರ ಅಧಿಕೃತ ಭಾಷಾ ಕಾಯ್ದೆಯ ಪ್ರಕಾರ ಭಾಷಾ ಅಲ್ಪಸಂಖ್ಯಾತ ಪ್ರದೇಶದವರು ಕನ್ನಡದಲ್ಲಿ ಬರೆಯಬಹುದು, ಉತ್ತರವೂ ಕನ್ನಡದಲ್ಲೇ ಬರಬೇಕು. ಹಕ್ಕನ್ನು ಬಿಟ್ಟುಕೊಡಬೇಡಿ. ಆದರೆ ಕಾಸಿನ ವಿಷಯ ಅಲ್ವಾ, ಜೊತೆಗೊಂದು ಮಲಯಾಳ ಅಥವಾ ಇಂಗ್ಲಿಷ್ ಪ್ರತಿ ಇಟ್ಟರೆ ಫೈಲು ಬೇಗ ಓಡುತ್ತದೆ.

ಮಾಲೀಕರು ಹೇಳುವ ನೆಪಗಳು

ಇಲ್ಲಿಯೇ ಜಾಸ್ತಿ ಜನ ಸೋಲುವುದು. ಹಾಗಾಗಿ ಸ್ವಲ್ಪ ನಿಧಾನವಾಗಿ ಓದಿ.

‘ಈ ಕಾಗದಕ್ಕೆ ಸಹಿ ಹಾಕಿದರೆ ಚೆಕ್ ಕೊಡುತ್ತೇವೆ.’ ನನಗೆ ಕೊಟ್ಟದ್ದು ಮಲಯಾಳದಲ್ಲಿ ಟೈಪಾದ ಒಂದು ಹಾಳೆ. ನನಗೆ ಮಲಯಾಳ ಮಾತಾಡಲು ಬರುತ್ತದೆ, ಓದುವುದು ಕಷ್ಟ. ಮಗಳಿಂದ ಓದಿಸಿದೆ. ‘ಎಲ್ಲ ಬಾಕಿ ಪೂರ್ತಿ ಸಂದಾಯವಾಗಿದೆ, ಇನ್ನು ತಕರಾರಿಲ್ಲ’ ಅಂತ ಇತ್ತು. ಓದಲು ಬಾರದ ಭಾಷೆಯ ಕಾಗದಕ್ಕೆ, ಖಾಲಿ ವೋಚರಿಗೆ ಸಹಿ ಹಾಕಲೇಬೇಡಿ. ಕಷ್ಟಕ್ಕೆ ಹಣ ತಗೊಳ್ಳಲೇಬೇಕು ಅಂತಾದರೆ ಸಹಿಯ ಮೇಲೆ ‘ಇದು ಪೂರ್ತಿ ಮೊತ್ತ ಅಲ್ಲ, ಆಕ್ಷೇಪದೊಂದಿಗೆ ಪಡೆದಿದ್ದೇನೆ’ ಅಂತ ನಿಮ್ಮ ಕೈಯಾರೆ ಬರೆಯಿರಿ, ಫೋಟೋ ತೆಗೆದಿಡಿ. ಈಗಾಗಲೇ ಸಹಿ ಹಾಕಿಬಿಟ್ಟಿದ್ದರೂ ಎಲ್ಲ ಮುಗಿಯಿತು ಅಂತಲ್ಲ. ಕಾನೂನು ಕೊಟ್ಟದ್ದಕ್ಕಿಂತ ಕಡಿಮೆ ಕೊಡುವ ಒಪ್ಪಂದ ಕಾನೂನಿನ ಎದುರು ನಿಲ್ಲುವುದಿಲ್ಲ.

‘ನೀವು ನಷ್ಟ ಮಾಡಿದ್ದೀರಿ.’ ಸುಮ್ನೆ ಹೇಳಿದರೆ ಆಗದು. ತಪ್ಪಿನ ಕಾರಣಕ್ಕೆ ಕೆಲಸದಿಂದ ತೆಗೆದಿದ್ದರೆ ಮಾತ್ರ ಗ್ರಾಚ್ಯುಟಿ ಹಿಡಿಯಬಹುದು. ಅದೂ ನಷ್ಟ ಎಷ್ಟೋ ಅಷ್ಟಕ್ಕೆ. ಪೂರ್ತಿ ಅಥವಾ ಭಾಗಶಃ ಮುಟ್ಟುಗೋಲು ಹಾಕುವುದು ಹೊಡೆದಾಟ, ಗಲಭೆ ಅಥವಾ ಕೆಲಸದ ವೇಳೆ ನೈತಿಕ ಅಧಃಪತನದ ಅಪರಾಧ ಮಾಡಿ ವಜಾ ಆದವರಿಗೆ. ಹಾರ ಹಾಕಿ ಬೀಳ್ಕೊಟ್ಟ ಮೇಲೆ ‘ಸ್ಟಾಕ್ ಕಡಿಮೆ ಬಂತು’ ಅಂದರೆ ಅದು ನೆಪವೇ. ಆದರೆ ನಿಜವಾಗಿಯೂ ಹಣ ದುರುಪಯೋಗಕ್ಕೆ ವಜಾ ಆದವರು ಒಂದು ವಿಷಯ ತಿಳಿದಿರಲಿ: ಕ್ರಿಮಿನಲ್ ಕೋರ್ಟಿನಲ್ಲಿ ಶಿಕ್ಷೆ ಆಗಿರಲೇಬೇಕು ಅಂತಿಲ್ಲ ಎಂದು 2025ರ ಫೆಬ್ರವರಿಯಲ್ಲಿ ಸುಪ್ರೀಂ ಕೋರ್ಟು ಹೇಳಿದೆ.

‘ನಾಲ್ಕು ವರ್ಷಕ್ಕೊಮ್ಮೆ ನಿಮ್ಮ ರಾಜೀನಾಮೆ ಆಗಿದೆ.’ ಕಾಗದದಲ್ಲಿ ಬಿಡಿಸಿ ಮರುದಿನ ಸೇರಿಸಿಕೊಳ್ಳುವ ಹಳೆ ಆಟ. ಪಿಎಫ್ ಪಾಸ್‌ಬುಕ್ಕಿನಲ್ಲಿ ಒಂದು ತಿಂಗಳೂ ತಪ್ಪದೆ ಹಣ ಬಿದ್ದಿದ್ದರೆ ಅದೇ ನಿಮ್ಮ ಸಾಕ್ಷಿ.

‘ಕ್ವಾರ್ಟರ್ಸ್ ಬಿಟ್ಟಿಲ್ಲ.’ ಇದರಲ್ಲಿ ಮಾತ್ರ ನಿಮ್ಮ ಪಕ್ಷ ಗಟ್ಟಿ ಅಂತ ನಾನು ಹೇಳಲಾರೆ. ದಂಡದ ಬಾಡಿಗೆ ಹಿಡಿಯಬಹುದು ಅಂತಲೂ ಕೋರ್ಟು ಹೇಳಿದ್ದುಂಟು. ಮನೆ ಬಿಟ್ಟುಕೊಟ್ಟು ಕೀ ಕೊಟ್ಟ ರಸೀದಿ ಇಟ್ಟುಕೊಳ್ಳುವುದೇ ಜಾಣತನ.

‘ಈಗ ವ್ಯಾಪಾರ ಇಲ್ಲ.’ ಇದಕ್ಕೆ ಉತ್ತರವೇ ಬೇಡ.

ಹೆಜ್ಜೆ 7: ನಿಯಂತ್ರಣ ಪ್ರಾಧಿಕಾರದ ಮುಂದೆ

ಮಾಲೀಕರು ಇಲ್ಲ ಅಂದರೆ, ಕಡಿಮೆ ಕೊಟ್ಟರೆ ಅಥವಾ ಬಾಯಿಯೇ ಬಿಡದಿದ್ದರೆ, ಹಳೆ ಕಾಯ್ದೆಯ ಪ್ರಕಾರ ಆ ದಿನದಿಂದ 90 ದಿನದೊಳಗೆ ನಿಯಂತ್ರಣ ಪ್ರಾಧಿಕಾರಕ್ಕೆ, ಅಂದರೆ ಗ್ರಾಚ್ಯುಟಿ ತಕರಾರು ತೀರ್ಮಾನಿಸುವ ಲೇಬರ್ ಅಧಿಕಾರಿಗೆ, ಫಾರಂ ‘ಎನ್’ನಲ್ಲಿ ಅರ್ಜಿ. ತಡವಾದರೆ ಯಾಕೆ ಅಂತ ಒಂದು ಪ್ರತ್ಯೇಕ ಅರ್ಜಿ ಜೊತೆಗಿಡಿ. ಆಸ್ಪತ್ರೆ ಚೀಟಿ, ಮಾಲೀಕರು ‘ಕೊಡುತ್ತೇವೆ’ ಅಂತ ಕಳಿಸಿದ ವಾಟ್ಸಾಪ್ ಮೆಸೇಜು, ಎಲ್ಲ ಕಾರಣಕ್ಕೆ ಬರುತ್ತದೆ. ಸಿವಿಲ್ ಕೋರ್ಟಿಗೆ ಹೋಗಬೇಡಿ. ಇದು ಲೇಬರ್ ಇಲಾಖೆಯ ಅಧಿಕಾರಿಯೇ ತೀರ್ಮಾನಿಸುವ ವಿಷಯ.

ನೋಟಿಸು ಹೋಗುತ್ತದೆ. ಮೊದಲ ದಿನ ಮಾಲೀಕರ ಕಡೆಯವರು ಬರುವುದಿಲ್ಲ. ಎರಡನೇ ದಿನ ವಕೀಲರು ಬಂದು ಸಮಯ ಕೇಳುತ್ತಾರೆ. ನೀವು ಮಾತ್ರ ಒಂದು ದಿನವೂ ತಪ್ಪಿಸಬೇಡಿ, ತಪ್ಪಿಸಿದರೆ ಅರ್ಜಿ ವಜಾ ಆಗಬಹುದು. ವಕೀಲರು ಬೇಕೇ ಬೇಕು ಅಂತಿಲ್ಲ. ಬೇಕು ಅನಿಸಿದರೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಅರ್ಜಿ ಹಾಕಿ. ಹೆಂಗಸರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ, ಕೈಗಾರಿಕಾ ಕಾರ್ಮಿಕರಿಗೆ ಆದಾಯ ನೋಡದೆ ವಕೀಲರನ್ನು ಉಚಿತವಾಗಿ ಕೊಡುತ್ತಾರೆ. ನಡುವೆ ರಾಜಿ ಮಾತು ಬರುತ್ತದೆ. ಅಸಲು ಪೂರ್ತಿ ಕೈಗೆ ಬಂದು ಬಡ್ಡಿಯಲ್ಲಿ ಸ್ವಲ್ಪ ಬಿಡುವುದಾದರೆ ಯೋಚಿಸಿ. ಅಸಲಿನಲ್ಲಿ ಬಿಡುವುದಾದರೆ ಎದ್ದು ಬನ್ನಿ. ಲೋಕ ಅದಾಲತ್ತಿನಲ್ಲಿ ರಾಜಿ ಆದರೆ ಮೇಲ್ಮನವಿ ಇಲ್ಲ ಅನ್ನುವುದೂ ನೆನಪಿರಲಿ.

ಆದೇಶ ಬಂದ ಮೇಲೆ ಮಾಲೀಕರು 60 ದಿನದೊಳಗೆ ಅಪೀಲು ಹೋಗಬಹುದು, ಕಾರಣ ಕೊಟ್ಟರೆ ಇನ್ನೊಂದು 60 ದಿನ. ಆದರೆ ಗ್ರಾಚ್ಯುಟಿ ಮೊತ್ತ ಕಟ್ಟದೆ ಅಪೀಲು ಹಾಕುವಂತಿಲ್ಲ. ಈ ಒಂದು ನಿಯಮದಿಂದಲೇ ಎಷ್ಟೋ ಕೇಸುಗಳು ಅಲ್ಲಿಗೇ ಮುಗಿಯುತ್ತವೆ. ನನ್ನದೂ ಹಾಗೆಯೇ ಮುಗಿಯಿತು.

ಪಿಎಫ್ ಸಿಗದಿದ್ದರೆ

ಮೊದಲು ನಿಮ್ಮ ಯುಎಎನ್ (ಪಿಎಫ್ ಸದಸ್ಯರ ಗುರುತು ಸಂಖ್ಯೆ) ನಂಬರಿನಿಂದ ಪಾಸ್‌ಬುಕ್ ನೋಡಿ. ಹಣ ಪೂರ್ತಿ ಇದ್ದು, ಮಾಲೀಕರು ‘ಕೆಲಸ ಬಿಟ್ಟ ತಾರೀಕು’ ಹಾಕದ ಕಾರಣಕ್ಕೆ ಕ್ಲೇಮು ನಿಂತಿದ್ದರೆ, ಕೊನೆಯ ಕಂತು ಬಿದ್ದು ಎರಡು ತಿಂಗಳ ಬಳಿಕ ನೀವೇ ಆನ್‌ಲೈನಿನಲ್ಲಿ ಹಾಕಬಹುದು. ಮಾಲೀಕರ ಕಾಲು ಹಿಡಿಯುವುದು ಬೇಡ. ಹೆಸರು, ಹುಟ್ಟಿದ ತಾರೀಕು ತಪ್ಪಿದ್ದರೆ ಜಂಟಿ ಘೋಷಣೆ ಕೊಟ್ಟು ತಿದ್ದಿಸಬೇಕು. ಹತ್ತು ವರ್ಷ ಸೇವೆ ಆಗಿದ್ದರೆ 58ಕ್ಕೆ ಪೆನ್ಷನ್ ಉಂಟು. ಅದು ಫಾರಂ 10ಡಿ.

ಪಿಎಫ್ ಹಣವನ್ನು ಸಂಬಳದಲ್ಲಿ ಕಡಿತ ಮಾಡಿ ನಿಧಿಗೆ ಕಟ್ಟದಿದ್ದರೆ ಅದು ಬೇರೆ ಜಾತಿಯ ತಪ್ಪು, ನಂಬಿಕೆ ದ್ರೋಹದ ಅಪರಾಧ. ಸಂಬಳದ ಚೀಟಿಯ ನಕಲು ಇಟ್ಟು ಪಿಎಫ್‌ನ ಆನ್‌ಲೈನ್ ದೂರು ವ್ಯವಸ್ಥೆಯಲ್ಲಿ ದಾಖಲಿಸಿ, ಕಣ್ಣೂರು ಆಫೀಸಿಗೂ ಬರೆಯಿರಿ. ಅವರು ವಿಚಾರಣೆ ನಡೆಸಿ ಬಡ್ಡಿ, ದಂಡ ಸೇರಿಸಿ ವಸೂಲು ಮಾಡಬಲ್ಲರು. ಹೊಸ ಸಂಹಿತೆಯಲ್ಲಿ ಐದು ವರ್ಷ ದಾಟಿದ ವಿವಾದಕ್ಕೆ ಈ ವಿಚಾರಣೆ ಶುರು ಮಾಡುವಂತಿಲ್ಲ. ಹಾಗಾಗಿ ಇವತ್ತೇ ಪಾಸ್‌ಬುಕ್ ತೆರೆಯಿರಿ. ಮನೆಯಲ್ಲಿ ಬೀಡಿ ಕಟ್ಟುವವರು ‘ನಾವು ಕಾಂಟ್ರಾಕ್ಟರಿನವರು, ಕಂಪನಿಯವರಲ್ಲ’ ಅಂತ ಹಿಂಜರಿಯಬೇಡಿ. ಅವರಿಗೂ ಪಿಎಫ್ ಹಕ್ಕಿದೆ ಅಂತ ಸುಪ್ರೀಂ ಕೋರ್ಟು 1985ರಲ್ಲೇ ಹೇಳಿದೆ.

ಅನುದಾನಿತ ಶಾಲೆ, ಸರಕಾರಿ ನೌಕರಿ

ನಮ್ಮ ಕನ್ನಡ ಮಾಧ್ಯಮದ ಎಷ್ಟೋ ಮಾಸ್ತರರು, ಟೀಚರುಗಳು ಈ ಗುಂಪಿನವರು. ಇವರ ಗ್ರಾಚ್ಯುಟಿಗೆ ಡಿಸಿಆರ್‌ಜಿ ಅನ್ನುತ್ತಾರೆ, ಕೇರಳ ಸರ್ವೀಸ್ ರೂಲ್ಸ್‌ನ ಮೂರನೇ ಭಾಗದ ಪ್ರಕಾರ ನಡೆಯುತ್ತದೆ. ಮಂಜೂರು ಮಾಡುವುದು ತಿರುವನಂತಪುರದ ಅಕೌಂಟೆಂಟ್ ಜನರಲ್. ಪೆನ್ಷನ್ ಶುರುವಾದರೂ ಡಿಸಿಆರ್‌ಜಿ ನಿಲ್ಲುವುದು ‘ಬಾಕಿ ಇಲ್ಲ’ ಅನ್ನುವ ಸರ್ಟಿಫಿಕೇಟಿಗೆ. ಹೆಡ್‌ಮಾಸ್ಟರ್ ಆಗಿದ್ದವರಿಗಂತೂ ಮಧ್ಯಾಹ್ನದ ಊಟದ ಅಕ್ಕಿಯ ಲೆಕ್ಕ ಕೊನೆಯವರೆಗೂ ಬೆನ್ನು ಬಿಡದು. ನಿವೃತ್ತಿಗೆ ಒಂದು ವರ್ಷ ಇರುವಾಗಲೇ ಎಇಒ (ಸಹಾಯಕ ಶಿಕ್ಷಣಾಧಿಕಾರಿ) ಆಫೀಸಿನಲ್ಲಿ ಹಳೆ ಆಡಿಟ್ ಆಕ್ಷೇಪಗಳ ಪಟ್ಟಿ ಕೇಳಿ ತಗೊಳ್ಳಿ, ಚಾರ್ಜು ಕೊಡುವಾಗ ಸ್ಟಾಕ್ ರಿಜಿಸ್ಟರಿನ ನಕಲು ಇಟ್ಟುಕೊಳ್ಳಿ.

ಈಗಾಗಲೇ ನಿಂತಿದ್ದರೆ ಹತ್ತು ರೂಪಾಯಿಯ ಮಾಹಿತಿ ಹಕ್ಕು ಅರ್ಜಿ ಹಾಕಿ. ‘ನನ್ನ ಫೈಲು ಯಾರ ಟೇಬಲ್ ಮೇಲಿದೆ, ಯಾವ ತಾರೀಕಿನಿಂದ, ಯಾವ ಬಾಕಿಗಾಗಿ’, ಈ ಮೂರೇ ಪ್ರಶ್ನೆ. ಉತ್ತರ ಬರುವ ಮೊದಲೇ ಫೈಲು ಹೊರಟದ್ದನ್ನು ನಾನು ಕಂಡಿದ್ದೇನೆ. ಹಿಂದೆ ತಪ್ಪಿ ಜಾಸ್ತಿ ಸಂಬಳ ಕೊಟ್ಟಿದ್ದೇವೆ, ಈಗ ಹಿಡಿಯುತ್ತೇವೆ ಅಂದರೆ 2014ರ ಸುಪ್ರೀಂ ಕೋರ್ಟಿನ ರಫೀಕ್ ಮಸೀಹ್ ತೀರ್ಪನ್ನು ಹೆಸರಿಸಿ ಆಕ್ಷೇಪ ಬರೆಯಿರಿ. ನಿಮ್ಮ ಮೋಸ, ಸುಳ್ಳು ಇಲ್ಲದಿದ್ದರೆ ನಿವೃತ್ತರಿಂದ ಹಾಗೆ ವಸೂಲು ಮಾಡುವಂತಿಲ್ಲ ಅಂತ ಅದು ಹೇಳುತ್ತದೆ. ತಡಕ್ಕೆ ಬಡ್ಡಿ ಕೇಳಲು ನಮ್ಮದೇ ರಾಜ್ಯದ ಕೇಸು ಇದೆ: ಕೇರಳ ಸರಕಾರ ಮತ್ತು ಪದ್ಮನಾಭನ್ ನಾಯರ್. ಕೊನೆಯ ಸಂಬಳದ ಸರ್ಟಿಫಿಕೇಟ್ ಕಳಿಸಲು ಆಫೀಸು ತಡ ಮಾಡಿ, 1973ರಲ್ಲಿ ನಿವೃತ್ತರಾದವರಿಗೆ ಎರಡು ವರ್ಷ ಕಳೆದ ಮೇಲೆ ಹಣ ಸಿಕ್ಕಿತ್ತು. ಪೆನ್ಷನ್, ಗ್ರಾಚ್ಯುಟಿ ಸರಕಾರ ಹಂಚುವ ಇನಾಮು ಅಲ್ಲ, ನೌಕರನ ಆಸ್ತಿ ಅಂತ 1984ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟು ಹೇಳಿತು. ಕೋರ್ಟಿಗೆ ಹೋಗಲೇಬೇಕಾದರೆ ಸರಕಾರಿ ನೌಕರರು ಕೇರಳ ಆಡಳಿತ ಟ್ರಿಬ್ಯೂನಲ್‌ಗೆ, ಅನುದಾನಿತ ಶಾಲೆಯವರು ನೇರ ಎರ್ನಾಕುಳಂನ ಹೈಕೋರ್ಟಿಗೆ.

ಆದೇಶ ಬಂದರೂ ಹಣ ಬರದಿದ್ದರೆ

ಖಾಸಗಿ ಮಾಲೀಕರ ವಿಷಯಕ್ಕೆ ಮರಳುತ್ತೇನೆ. ಅಪೀಲೂ ಇಲ್ಲ, ಹಣವೂ ಇಲ್ಲ ಅಂದರೆ ಅದೇ ಅಧಿಕಾರಿಗೆ ವಸೂಲಿ ಅರ್ಜಿ ಕೊಡಿ. ಅವರು ಕಲೆಕ್ಟರಿಗೆ ಸರ್ಟಿಫಿಕೇಟ್ ಕಳಿಸುತ್ತಾರೆ. ಭೂಕಂದಾಯದ ಬಾಕಿಯ ಹಾಗೆ ಮಾಲೀಕರ ಆಸ್ತಿಯಿಂದ ಹಿಡಿಯುತ್ತಾರೆ. ರೆವೆನ್ಯೂ ರಿಕವರಿ ಅನ್ನುವ ಇದಕ್ಕೆ ಜನ ‘ಆರ್‌ಆರ್’ ಅನ್ನುತ್ತಾರೆ. ಇಲ್ಲಿ ಒಂದು ಕೆಲಸ ನೀವೇ ಮಾಡಬೇಕು. ಮಾಲೀಕರ ಕಟ್ಟಡ, ಜಾಗ ಯಾವ ವಿಲೇಜಿನಲ್ಲಿದೆ, ಸರ್ವೆ ನಂಬರ್ ಏನು, ಬ್ಯಾಂಕ್ ಖಾತೆ ಎಲ್ಲಿದೆ ಅಂತ ಅರ್ಜಿಯಲ್ಲೇ ಬರೆಯಿರಿ. ಇಲ್ಲದಿದ್ದರೆ ‘ಆಸ್ತಿ ಪತ್ತೆ ಇಲ್ಲ’ ಅಂತ ಕಾಗದ ವಾಪಸು ಬರುತ್ತದೆ. ಆರ್‌ಆರ್ ನಂಬರ್ ಬರೆದಿಟ್ಟುಕೊಂಡು ತಿಂಗಳಿಗೊಮ್ಮೆ ತಾಲೂಕು ಆಫೀಸಿನ ಆ ಸೆಕ್ಷನ್ನಿಗೆ ಹೋಗಿ ಮುಖ ತೋರಿಸಿ ಬನ್ನಿ. ಬೆಳಿಗ್ಗೆ ಹನ್ನೊಂದರ ಹೊತ್ತಿಗೆ ಹೋದರೆ ಕ್ಲರ್ಕು ಸೀಟಿನಲ್ಲಿ ಸಿಗುತ್ತಾರೆ.